ಅಡುಗೆಯವರು ಹೊರಟ ಮೇಲೆ

ಹೋದ ಡಿಸೆಂಬರಿನಲ್ಲಿ ನಾನು, ನನ್ನ ಗಂಡ ಒಂದು ಊಟಕ್ಕೆ ಹೋಗಿದ್ದೆವು. ಬೆಂಗಳೂರಿನಲ್ಲೇ, ಹದಿನೇಳನೇ ಮಹಡಿಯ ಫ್ಲ್ಯಾಟು. ಕರೆದವರು ಇವನ ಹಳೇ ಆಫೀಸಿನವರು. ಈಗ ನಮಗೆ ಏಣಿ ಹಾಕಿದರೂ ಎಟುಕದಷ್ಟು ಮೇಲೆ ಹೋಗಿದ್ದಾರೆ, ಮಹಡಿಯ ಲೆಕ್ಕದಲ್ಲಿ ಹೇಳ್ತಾ ಇಲ್ಲ. ಹನ್ನೆರಡು ಜನ ಇದ್ದೆವು. ಒಂಬತ್ತು ಗಂಟೆ ಹೊತ್ತಿಗೆ, ಇನ್ನೂ ಕರಿದ ತಿಂಡಿಗಳು ಓಡಾಡುತ್ತಿರುವಾಗಲೇ, ಅಡುಗೆಮನೆಯಿಂದ ಒಬ್ಬಾಕೆ ಬಂದು ಮನೆಯಾಕೆಯ ಕಿವಿಯಲ್ಲಿ ಏನೋ ಹೇಳಿದರು. ಮನೆಯಾಕೆಯ ಮುಖ ಬಿಗಿಯಾಯಿತು. "ಇವತ್ತೇ ಹೋಗಬೇಕಾ?" ಅಂದಿದ್ದು ನನಗೆ ಕೇಳಿಸಿತು. ಉತ್ತರ ಕೇಳಿಸಲಿಲ್ಲ. ಎರಡು ನಿಮಿಷದ ನಂತರ ಸರ್ವಿಸ್ ಲಿಫ್ಟಿನ ಬಾಗಿಲು ಮುಚ್ಚಿದ ಸದ್ದು ಬಂತು.

ಆಮೇಲೆ ಆ ಮನೆಯಲ್ಲಿ ನಡೆದದ್ದನ್ನು ಹೇಳಿದರೆ ಉತ್ಪ್ರೇಕ್ಷೆ ಅಂತೀರಿ. ಬಡಿಸೋ ಸೌಟು ಎಲ್ಲಿದೆ ಅಂತ ಯಾರಿಗೂ ಗೊತ್ತಿರಲಿಲ್ಲ. ಮನೆಯವರು ಮೂರು ಡ್ರಾಯರ್ ಎಳೆದರು. ಒಂದರಲ್ಲಿ ಬ್ಯಾಟರಿ, ಒಂದರಲ್ಲಿ ಹಳೇ ಬಿಲ್ಲುಗಳು. ಅನ್ನವನ್ನು ಕೊನೆಗೆ ಕಾಫಿ ಮಗ್ಗಿನಲ್ಲಿ ತೋಡಿಕೊಂಡೆವು. ಎಲ್ಲರೂ ನಕ್ಕೆವು. ಇದೇನೋ ಪಿಕ್ನಿಕ್ ಥರಾ ಇದೆ ಅಂದರು ಯಾರೋ. ಊಟ ಮುಗಿದದ್ದು ಹತ್ತೂವರೆಗೆ. ಹನ್ನೊಂದಕ್ಕೆ ಒಬ್ಬರು ಗಡಿಯಾರ ನೋಡಿಕೊಂಡು, ನಾಳೆ ಬೆಳಗ್ಗೆ ಬೇಗ ಏಳಬೇಕು ಅಂದರು. ಅಂದವರು ಏಳಲಿಲ್ಲ. ಇನ್ನೊಬ್ಬರು ಸೋಫಾದ ಅಂಚಿಗೆ ಸರಿದು ಕೂತರು, ಸ್ವಲ್ಪ ಹೊತ್ತಿಗೆ ಮತ್ತೆ ಒರಗಿದರು. ಮನೆಯವರಿಗೂ ನಿದ್ದೆ ಬರ್ತಾ ಇತ್ತು. ಮನೆಯಾಕೆ ಆಕಳಿಕೆಯನ್ನು ನಗು ಮಾಡಿ ತೋರಿಸುತ್ತಿದ್ದರು. ಯಾರಿಗೂ ಅಲ್ಲಿರಲು ಇಷ್ಟವಿಲ್ಲ, ಯಾರೂ ಹೊರಡುತ್ತಿಲ್ಲ. ನಾವು ಕಾರು ಹತ್ತಿದಾಗ ಒಂದೂ ಮುಕ್ಕಾಲು.

"ನೀನ್ಯಾಕೆ ಏಳಲಿಲ್ಲ?" ಅಂತ ಇವನು ಕೇಳಿದ. "ನೀನ್ಯಾಕೆ ಏಳಲಿಲ್ಲ?" ಅಂದೆ ನಾನು. ಹೆಬ್ಬಾಳದ ಫ್ಲೈಓವರ್ ದಾಟುವವರೆಗೂ ಇಬ್ಬರಿಗೂ ಉತ್ತರ ಹೊಳೆಯಲಿಲ್ಲ. ಆಮೇಲೆ ನನಗೆ ಒಂದು ಹಳೇ ಸಿನಿಮಾ ನೆನಪಾಯಿತು. ನೆನಪಾಗಿದ್ದೇ ತಡ, ಅದು ತಲೆ ಬಿಟ್ಟು ಹೋಗಲಿಲ್ಲ.

ಪ್ರಾವಿಡೆನ್ಸಿಯಾ ಬೀದಿಯ ಮನೆ

ನಿರ್ದೇಶಕ ಲೂಯಿಸ್ ಬುನ್ಯುಯೆಲ್ 1962ರಲ್ಲಿ ಮೆಕ್ಸಿಕೋದಲ್ಲಿ ಮಾಡಿದ 'ದಿ ಎಕ್ಸ್‌ಟರ್ಮಿನೇಟಿಂಗ್ ಏಂಜಲ್'. ಸಿನಿಮಾ ಹುಚ್ಚಿನವರು ನೋಡಿರುತ್ತೀರಿ. ನಾನು ಮೊದಲು ನೋಡಿದ್ದು ಇಪ್ಪತ್ತರ ವಯಸ್ಸಿನಲ್ಲಿ, ಒಂದು ಫಿಲಂ ಸೊಸೈಟಿಯ ಗಟ್ಟಿ ಕುರ್ಚಿಯಲ್ಲಿ. ಒಪೆರಾ ಮುಗಿಸಿಕೊಂಡು ಇಪ್ಪತ್ತು ಚಿಲ್ಲರೆ ದೊಡ್ಡವರು ಒಂದು ಬಂಗಲೆಗೆ ಊಟಕ್ಕೆ ಬರುತ್ತಾರೆ. ಬೀದಿಯ ಹೆಸರು ಪ್ರಾವಿಡೆನ್ಸಿಯಾ, ಅಂದರೆ ದೇವರ ಕೃಪೆ. ಊಟ ಆಗುತ್ತೆ, ಪಿಯಾನೋ ಆಗುತ್ತೆ, ಯಾರೂ ಹೋಗುವುದಿಲ್ಲ. ಬಾಗಿಲು ತೆರೆದೇ ಇದೆ. ಬೀಗ ಇಲ್ಲ, ಕಾವಲು ಇಲ್ಲ. ಆ ಕೋಣೆಯ ಹೊಸ್ತಿಲ ಹತ್ತಿರ ಬರುತ್ತಾರೆ, ಏನೋ ಮಾತು ನೆನಪಾದವರ ಹಾಗೆ ತಿರುಗಿ ಹೋಗುತ್ತಾರೆ. ಹೀಗೇ ದಿನಗಟ್ಟಲೆ. ಗೋಡೆ ಒಡೆದು ಪೈಪಿನ ನೀರು ಕುಡಿಯುತ್ತಾರೆ. ಹೂದಾನಿ ಇಟ್ಟ ಕಪಾಟನ್ನು ಕಕ್ಕಸು ಮಾಡಿಕೊಳ್ಳುತ್ತಾರೆ. ದಾರಿ ತಪ್ಪಿ ಒಳಗೆ ಬಂದ ಕುರಿಗಳನ್ನು ಕೊಂದು, ಪೀಠೋಪಕರಣ ಸುಟ್ಟು ಬೇಯಿಸುತ್ತಾರೆ. ಹೊರಗೆ ಪೊಲೀಸರು, ಜನಜಂಗುಳಿ. ಅವರಿಗೂ ಒಳಗೆ ಕಾಲಿಡಲು ಆಗುವುದಿಲ್ಲ.

ಯಾಕೆ? ಸಿನಿಮಾ ಹೇಳುವುದಿಲ್ಲ. ಆಗ ನಾವೆಲ್ಲ ಇದರ ಬಗ್ಗೆ ರಾತ್ರಿಯೆಲ್ಲ ವಾದ ಮಾಡಿದ್ದೆವು. ಚರ್ಚು ಅಂದರು, ಸ್ಪೇನಿನ ಸರ್ವಾಧಿಕಾರಿ ಫ್ರಾಂಕೋ ಅಂದರು, ಬಂಡವಾಳಶಾಹಿ ಅಂದರು. ನಾನೂ ಏನೋ ಅಂದಿದ್ದೆ. ಒಟ್ಟಿನಲ್ಲಿ ಶ್ರೀಮಂತರಿಗೆ ಆಗಿದ್ದು ಸರಿಯಾಗೇ ಆಯ್ತು ಅನ್ನುವ ಖುಷಿ ಎಲ್ಲರಿಗೂ ಇತ್ತು. ನಾವು ಯಾರೂ ಶ್ರೀಮಂತರಾಗಿರಲಿಲ್ಲವಲ್ಲ.

ಈಗ ಹಿಂತಿರುಗಿ ನೋಡಿದರೆ ನನಗೆ ಆ ಸಿನಿಮಾದಲ್ಲಿ ಎಲ್ಲಕ್ಕಿಂತ ಚೆನ್ನಾಗಿ ಕಾಣುವುದು ಮೊದಲ ರಾತ್ರಿಯ ಹತ್ತು ನಿಮಿಷ. ಕುರಿ, ಕರಡಿ, ಹೆಣ ಇವೆಲ್ಲ ಆಮೇಲಿನ ಮಾತು. ಬೆಳಗಿನ ಜಾವ ಆಗುತ್ತಿದೆ. ಒಬ್ಬ ಗಂಡಸು ಕೋಟು ಬಿಚ್ಚುತ್ತಾನೆ. ಇನ್ನೊಬ್ಬ ಸೋಫಾ ಮೇಲೆ ಕಾಲು ಚಾಚುತ್ತಾನೆ. ಮನೆಯವರಿಗೆ ಇದು ವಿಚಿತ್ರ ಅನ್ನಿಸುತ್ತೆ. ಆದರೆ ಬಂದವರಿಗೆ ಮುಜುಗರ ಆಗಬಾರದು ಅಂತ ಯಜಮಾನ ತಾನೂ ಕೋಟು ಬಿಚ್ಚುತ್ತಾನೆ. ಅಲ್ಲಿಗೆ ಮುಗೀತು. ಆ ಮನೆಯನ್ನು ಬಂದೀಖಾನೆ ಮಾಡಿದ್ದು ಆ ಮರ್ಯಾದೆ. ನಮ್ಮ ಹದಿನೇಳನೇ ಮಹಡಿಯಲ್ಲೂ ಒಬ್ಬರು ಚಪ್ಪಲಿ ಕಳಚಿ ಕಾಲು ಮೇಲೆ ಮಡಿಚಿಕೊಂಡ ಕ್ಷಣ ಒಂದಿತ್ತು. ಮನೆಯಾಕೆ ಕೂಡಲೇ, "ಆರಾಮಾಗಿ ಕೂತ್ಕೊಳಿ, ಆರಾಮಾಗಿ" ಅಂದಿದ್ದರು.

ಮಾವನ ಜೊತೆ ನೋಡಿದ್ದು

ಜನವರಿಯಲ್ಲಿ ನನ್ನ ಸೋದರಮಾವ ಕಣ್ಣಿನ ಆಪರೇಷನ್‌ಗೆ ಬಂದು ನಮ್ಮ ಮನೆಯಲ್ಲಿ ಮೂರು ವಾರ ಇದ್ದರು. ಮಾವ ಸಾಗರದ ಕಡೆ ಮದುವೆ ಮುಂಜಿಗಳ ಅಡುಗೆ ಮಾಡಿಸಿದವರು. ನಲವತ್ತು ವರ್ಷ. ಕೊನೆಕೊನೆಗೆ ಇಪ್ಪತ್ತು ಜನರ ತಂಡ ಇತ್ತು. ನನ್ನ ಓದಿಗೆ, ಮದುವೆಗೆ ಬಂದ ದುಡ್ಡಿನಲ್ಲಿ ಅವರ ಸೌಟಿನ ಪಾಲು ಎಷ್ಟು ಅಂತ ಅಮ್ಮ ಯಾವತ್ತೂ ಲೆಕ್ಕ ಹೇಳಿಲ್ಲ. ನಾನೂ ಕೇಳಿಲ್ಲ.

ಎರಡನೇ ಕಣ್ಣಿನ ಪಟ್ಟಿ ಬಿಚ್ಚಿದ ಮೇಲೆ ಒಂದು ಸಂಜೆ, ನಾನು ಲ್ಯಾಪ್‌ಟಾಪಿನಲ್ಲಿ ಇದೇ ಸಿನಿಮಾ ಹಾಕಿಕೊಂಡಾಗ ಮಾವ ಪಕ್ಕ ಬಂದು ಕೂತರು. ಕಪ್ಪು ಬಿಳುಪು ನೋಡಿ ಖುಷಿಯಾಯ್ತು ಅವರಿಗೆ. ಇಂಗ್ಲಿಷ್ ಬರದು, ನಾನು ಸಬ್‌ಟೈಟಲ್ ಓದಿ ಓದಿ ಕನ್ನಡದಲ್ಲಿ ಹೇಳುತ್ತಾ ಹೋದೆ. ನನಗೆ ಒಂದು ಸಣ್ಣ ಆಸೆ ಇತ್ತು. ಅತಿಥಿಗಳು ಸಿಕ್ಕಿಬೀಳುವ ಜಾಗ ಬಂದಾಗ ಅವರು ಏನಂತಾರೆ ನೋಡೋಣ ಅಂತ. ಅವರು ಅಲ್ಲಿಯವರೆಗೆ ಕಾಯಲೇ ಇಲ್ಲ.

ಸಿನಿಮಾ ಶುರುವಾಗುವುದು ಕೆಲಸದವರಿಂದ. ಅತಿಥಿಗಳು ಬರುವ ಮೊದಲೇ ಒಬ್ಬ ಆಳು ಗೇಟು ದಾಟಿ ಹೊರಟುಬಿಡುತ್ತಾನೆ. ಹೋದರೆ ಮತ್ತೆ ಬರಬೇಡ ಅಂತ ಮೇಲಿನವನು ಗದರುತ್ತಾನೆ. ಆದರೂ ಹೋಗುತ್ತಾನೆ. ಆಮೇಲೆ ಇಬ್ಬರು ಹೆಣ್ಣಾಳುಗಳು. ಆಮೇಲೆ ಅಡುಗೆಯವರು. ಎಲ್ಲರಿಗೂ ಏನೋ ಒಂದು ನೆವ. ಕೊನೆಗೆ ಉಳಿಯುವುದು ಮೇಲುಸ್ತುವಾರಿ ನೋಡುವ ಹೂಲಿಯೋ ಒಬ್ಬನೇ.

"ಯಾಕೆ ಹೋದ್ರು?" ಅಂದರು ಮಾವ.

"ಅದನ್ನ ಸಿನಿಮಾ ಹೇಳಲ್ಲ ಮಾವ. ಅದೇ ಅದರ ವಿಶೇಷ."

"ಹೇಳೋದೇನಿದೆ ಅದ್ರಲ್ಲಿ. ಅಡುಗೆಮನೇಲಿದ್ದವರಿಗೆ ಗೊತ್ತಾಗತ್ತೆ." ಸ್ವಲ್ಪ ಹೊತ್ತು ಬಿಟ್ಟು ಮತ್ತೆ ಹೇಳಿದರು. "ತುಪ್ಪ ಅಳೆದು ಕೊಡೋಕೆ ಶುರು ಮಾಡಿದ್ರು ಅಂದ್ರೆ ಆ ಮನೇಲಿ ಲೆಕ್ಕ ಚುಕ್ತಾ ಆಗಲ್ಲ ಅಂತ ನಮಗೆ ನಾಂದಿ ದಿನವೇ ತಿಳೀತಿತ್ತು. ಮದುಮಗನ ಅಪ್ಪಂಗೆ ತಿಳೀತಾ ಇದ್ದಿದ್ದು ಬೀಗರ ಔತಣ ಆದ್ಮೇಲೆ."

ಹಾಗಾದರೆ ನೀವು ಯಾವತ್ತಾದರೂ ನಡುವೆ ಬಿಟ್ಟು ಬಂದಿದ್ದೀರಾ ಅಂತ ಕೇಳಿದೆ. ಇಲ್ಲ ಅಂದರು. ಅನ್ನದ ಕೆಲಸ, ನಡುವೆ ಬಿಡಬಾರದು ಅಂದರು. ಆದರೆ ದನಿಯಲ್ಲಿ ಹೆಮ್ಮೆ ಇತ್ತಾ ಬೇಸರ ಇತ್ತಾ ನನಗೆ ತಿಳಿಯಲಿಲ್ಲ.

ಊಟದ ಮೇಜಿನ ದೃಶ್ಯ ಬಂತು. ಮನೆಯೊಡತಿ ಮೊದಲ ಭಕ್ಷ್ಯದ ಬಗ್ಗೆ ಬಣ್ಣಿಸುತ್ತಿದ್ದಾಳೆ. ಒಬ್ಬ ಪರಿಚಾರಕ ದೊಡ್ಡ ತಟ್ಟೆ ಹೊತ್ತು ಬರುತ್ತಾನೆ, ಬರುತ್ತಿದ್ದ ಹಾಗೇ ಧಡಾರನೆ ಮುಗ್ಗರಿಸಿ ಬೀಳುತ್ತಾನೆ. ಭಕ್ಷ್ಯವೆಲ್ಲ ನೆಲದ ಪಾಲು. ಅತಿಥಿಗಳು ಇದು ಮೊದಲೇ ಹೂಡಿಟ್ಟ ತಮಾಷೆ ಅಂದುಕೊಂಡು ನಗುತ್ತಾರೆ, ಚಪ್ಪಾಳೆ ಹೊಡೆಯುತ್ತಾರೆ. ಫಿಲಂ ಸೊಸೈಟಿಯಲ್ಲಿ ನಾವೂ ನಕ್ಕಿದ್ದೆವು. ಒಬ್ಬ ಅತಿಥಿಗೆ ಮಾತ್ರ ನಗು ಬರುವುದಿಲ್ಲ. ಅದನ್ನು ಕಂಡು ಒಡತಿ ತನ್ನ ಮುಂದಿನ ತಮಾಷೆಯನ್ನು ರದ್ದು ಮಾಡುತ್ತಾಳೆ. ಆ ತಮಾಷೆಗೆ ಅಂತ ತಂದಿಟ್ಟ ಕರಡಿ, ಕುರಿಗಳು ಮನೆಯಲ್ಲೇ ಇರುತ್ತವೆ.

ಮಾವ ನಗಲಿಲ್ಲ. "ಅದು ಯಾರ ಲೆಕ್ಕಕ್ಕೆ ಹೋಗತ್ತೆ?" ಅಂದರು.

"ಯಾವುದು?"

"ಚೆಲ್ಲಿದ್ದು."

ನನ್ನ ಹತ್ತಿರ ಉತ್ತರ ಇರಲಿಲ್ಲ. ಈ ಸಿನಿಮಾ ಬಗ್ಗೆ ನಾನು ಎಷ್ಟೋ ಓದಿದ್ದೆ. ಆ ಪ್ರಶ್ನೆ ಎಲ್ಲೂ ಕಂಡಿರಲಿಲ್ಲ.

ಹಸ್ತ ಒಣಗಿದ ಪಂಕ್ತಿ

ಆ ಸಂಜೆ ನನಗೆ ಇನ್ನೊಂದು ನೆನಪು ಬಂತು. ಮಾವನಿಗೂ ನೆನಪಿತ್ತು, ಹೇಳಿದ ಕೂಡಲೇ ನಕ್ಕರು. ನನಗಾಗ ಎಂಟೋ ಒಂಬತ್ತೋ. ಬೇಸಿಗೆ ರಜೆ. ಮಾವನ ತಂಡದ ಹಿಂದೆ ಹೋಗಿದ್ದೆ. ಅಡಿಕೆ ಸಾಹುಕಾರರ ಮನೆಯ ಮದುವೆ. ಅಂಗಳದಲ್ಲಿ ಚಪ್ಪರ, ಉದ್ದಕ್ಕೆ ಬಾಳೆಲೆ. ಅಡುಗೆಯವರ ಕಡೆಯ ಹುಡುಗಿ ಅಂತ ಗೊತ್ತಿಲ್ಲದ ಯಾರೋ ಪುಣ್ಯಾತ್ಮರು ನನ್ನನ್ನು ಎಳೆದು ಮೊದಲ ಪಂಕ್ತಿಯಲ್ಲೇ ಕೂರಿಸಿಬಿಟ್ಟರು. ಮಾವ ದೂರದಿಂದ ನೋಡಿ ಸುಮ್ಮನಾದರು.

ಪಂಕ್ತಿಯ ನಿಯಮ ಬಲ್ಲವರಿಗೆ ಹೇಳಬೇಕಿಲ್ಲ. ಹಿರಿಯರು ಉತ್ತರಾಪೋಶನ, ಅಂದರೆ ಊಟದ ಕೊನೆಯ ಗುಟುಕು ನೀರು, ತೆಗೆದುಕೊಳ್ಳುವವರೆಗೆ ಯಾರೂ ಏಳುವ ಹಾಗಿಲ್ಲ. ಅವತ್ತಿನ ಹಿರಿಯರು ಹೆಣ್ಣಿನ ಕಡೆಯ ಅಜ್ಜ. ಮೊಸರನ್ನಕ್ಕೆ ಬಂದಿದ್ದರು. ಬಂದವರು ಕೋರ್ಟು ಕೇಸಿನ ಕಥೆ ಶುರು ಮಾಡಿದರು. ಯಾವುದೋ ಬೇಲಿ ಜಗಳ. ಮುನ್ಸೀಫ್ ಕೋರ್ಟಿನಿಂದ ಮೇಲಿನ ಕೋರ್ಟಿಗೆ ಹೋಯಿತು, ಅಲ್ಲಿಂದ ಬೆಂಗಳೂರಿಗೆ ಹೋಯಿತು. ಅಜ್ಜನ ಕೈಯಲ್ಲಿದ್ದ ತುತ್ತು ಮಾತ್ರ ಬಾಯಿಗೆ ಹೋಗಲಿಲ್ಲ. ನೂರು ಜನ ಕೂತಿದ್ದೆವು. ಎಲ್ಲರ ಎಲೆ ಖಾಲಿ, ಎಲ್ಲರ ಕೈ ಒಣಗಿ ಬಿಳಿ ಬಿಳಿ ಆಗಿತ್ತು. ನನಗೆ ಅರ್ಜೆಂಟಾಗಿ ಒಂದಕ್ಕೆ ಹೋಗಬೇಕಿತ್ತು. ಪಕ್ಕದವರ ಮುಖ ನೋಡಿದೆ. ಅವರು ಕತೆ ಕೇಳುವವರ ಹಾಗೆ ತಲೆ ಆಡಿಸುತ್ತಿದ್ದರು. ಎರಡನೇ ಪಂಕ್ತಿಯವರು ಚಪ್ಪರದ ಕಂಬ ಹಿಡಿದು ನಿಂತಿದ್ದರು. ಅವರ ಹಿಂದೆ, ಬಾಗಿಲಲ್ಲಿ, ಬಕೆಟ್ ಹಿಡಿದ ಮಾವನ ಹುಡುಗರು. ಅವರಿಗೆ ಊಟ ಸಿಗುವುದು ನಾಲ್ಕು ಗಂಟೆಯ ಮೇಲೆ.

ಬಿಡಿಸಿದ್ದು ಮಾವ. ಬಡಿಸುವ ಹುಡುಗನಿಗೆ ಮೆತ್ತಗೆ ಹೇಳಿದರು, "ಮಜ್ಜಿಗೆ ಮತ್ತೆ ಮೊದಲಿಂದ ತಗೊಂಡು ಹೋಗೋ." ಹುಡುಗ ಪಂಕ್ತಿಯ ತಲೆಯಿಂದ ಶುರು ಮಾಡಿದ. ಮಜ್ಜಿಗೇ, ಮಜ್ಜಿಗೇ ಅಂತ ದೊಡ್ಡ ದನಿಯಲ್ಲಿ. ಆಗಲೇ ಒಂದು ಸಲ ಬಡಿಸಿಯಾಗಿತ್ತು, ಎಲ್ಲರಿಗೂ ಗೊತ್ತು. ಆದರೂ ಜನ ಕೈಯೊಡ್ಡಿದರು, ಸುರ್ ಅಂತ ಕುಡಿದರು. ಆ ದನಿ ಹತ್ತಿರ ಬಂದಾಗ ಅಜ್ಜ ಕಥೆಯ ನಡುವೆಯೇ ಎಲೆಗೆ ಕೈ ಅಡ್ಡ ಹಿಡಿದು ಸಾಕು ಸಾಕು ಅಂದರು. ಅಡ್ಡ ಹಿಡಿದ ಕೈ ಹಾಗೇ ನೀರಿನ ಲೋಟದ ಕಡೆ ಹೋಯಿತು. ಇಡೀ ಸಾಲು ಎದ್ದು ನಿಂತ ರಭಸಕ್ಕೆ ಚಪ್ಪರ ಅಲ್ಲಾಡಿದ ಹಾಗಾಯಿತು. ನಾನಂತೂ ಓಡಿದೆ.

ಸಿನಿಮಾದಲ್ಲೂ ಅವರು ಹೊರಗೆ ಬರುವುದು ಹೆಚ್ಚುಕಡಿಮೆ ಹೀಗೇ. ಲೆಟಿಸಿಯಾ ಅನ್ನುವವಳಿಗೆ ತಟ್ಟನೆ ಹೊಳೆಯುತ್ತೆ: ಎಲ್ಲರೂ ಮೊದಲ ರಾತ್ರಿ ಎಲ್ಲೆಲ್ಲಿದ್ದರೋ ಈಗ ಮತ್ತೆ ಅಲ್ಲಲ್ಲೇ ಇದ್ದಾರೆ. ಅದೇ ಪಿಯಾನೋ ತುಣುಕನ್ನು ಮತ್ತೆ ನುಡಿಸಿಸುತ್ತಾಳೆ. ಅದೇ ಹೊಗಳಿಕೆಯ ಮಾತುಗಳನ್ನು ಮತ್ತೆ ಆಡಿಸುತ್ತಾಳೆ. ಈ ಸಲ ಯಾರೋ, ತಡವಾಯ್ತು, ಹೊರಡೋಣ ಅನ್ನುತ್ತಾರೆ. ಹೊರಡುತ್ತಾರೆ. ಮಾವ ಅದನ್ನು ನೋಡಿ ಆಶ್ಚರ್ಯಪಡಲಿಲ್ಲ. "ಎರಡನೇ ಮಜ್ಜಿಗೆ" ಅಂದರು ಅಷ್ಟೇ.

ಹೇಳುವುದು ಮರೆತೆ, ಈ ಸಿನಿಮಾದಲ್ಲಿ ಮೊದಲಿಂದಲೂ ಒಂದೇ ವಿಷಯ ಎರಡೆರಡು ಸಲ ಆಗುತ್ತಿರುತ್ತೆ. ಅತಿಥಿಗಳು ಮನೆಯೊಳಗೆ ಬರುವ ದೃಶ್ಯವೇ ಎರಡು ಸಲ ಬರುತ್ತೆ. ಛಾಯಾಗ್ರಾಹಕ ಗೇಬ್ರಿಯಲ್ ಫಿಗೆರೋವಾ ಅದನ್ನು ನೋಡಿ ಗಾಬರಿಯಾಗಿ, ಎಡಿಟಿಂಗ್‌ನಲ್ಲಿ ದೊಡ್ಡ ತಪ್ಪಾಗಿದೆ ಅಂತ ಬಂದು ಹೇಳಿದ್ದನ್ನು ಬುನ್ಯುಯೆಲ್ ತಮ್ಮ ಆತ್ಮಕಥೆಯಲ್ಲಿ ಬರೆದಿದ್ದಾರೆ. ಅದೇ ಪುಸ್ತಕದಲ್ಲಿ ಇನ್ನೊಂದು ಕೊರಗು: ಶ್ರೀಮಂತರ ಮೇಜಿಗೆ ತಕ್ಕ ನ್ಯಾಪ್‌ಕಿನ್ ಸೆಟ್ಟಿನಲ್ಲಿ ಇದ್ದದ್ದು ಒಂದೇ ಒಂದು. ಅದೂ ಮೇಕಪ್ ಮಾಡುವಾಕೆಯಿಂದ ಸಾಲ ತಂದದ್ದು. ಕೆಲಸದವರ ಸಾಲದ ಬಟ್ಟೆಯಲ್ಲಿ ಒಡೆಯರ ಬಾಯಿ ಒರೆಸಿದ್ದು. ಅದನ್ನು ಬೇಕಂತ ಹೂಡಿದ್ದರೂ ಇಷ್ಟು ಚೆನ್ನಾಗಿ ಕೂಡುತ್ತಿರಲಿಲ್ಲ.

ಗೇಲಿಗೆ ದುಡ್ಡು ಕೊಟ್ಟವರು

ಬುನ್ಯುಯೆಲ್ ತಾವೇ ಬಡವರಲ್ಲ. 1900ರಲ್ಲಿ ಸ್ಪೇನಿನ ಕಲಾಂಡಾ ಅನ್ನುವ ಊರಿನಲ್ಲಿ ಹುಟ್ಟಿದ್ದು. ಅಪ್ಪ ಕ್ಯೂಬಾದಲ್ಲಿ ವ್ಯಾಪಾರ ಮಾಡಿ ದುಡ್ಡು ಕಟ್ಟಿಕೊಂಡು ಬಂದ ಜಮೀನುದಾರ. ಚಿತ್ರಕಲಾವಿದ ಸಾಲ್ವಡೊರ್ ಡಾಲಿ ಜೊತೆ ಸೇರಿ 1929ರಲ್ಲಿ ಮಾಡಿದ ಮೊದಲ ಸಿನಿಮಾಕ್ಕೆ ದುಡ್ಡು ಕೊಟ್ಟಿದ್ದು ಅಮ್ಮ. ಪ್ಯಾರಿಸ್ಸಿನಲ್ಲಿ ಅದರ ಮೊದಲ ಪ್ರದರ್ಶನದ ದಿನ ಜನ ಹೊಡೆಯಲು ಬಂದರೆ ಇರಲಿ ಅಂತ ಜೇಬಿನ ತುಂಬಾ ಕಲ್ಲು ಇಟ್ಟುಕೊಂಡು ಪರದೆಯ ಹಿಂದೆ ನಿಂತಿದ್ದರಂತೆ. ದೊಡ್ಡ ಮನುಷ್ಯರೆಲ್ಲ ಬಂದಿದ್ದರು. ಸಿನಿಮಾ ಮುಗಿಯಿತು. ಅವರು ಚಪ್ಪಾಳೆ ತಟ್ಟಿದರು. ಕಲ್ಲು ಜೇಬಿನಲ್ಲೇ ಉಳಿಯಿತು.

ಮರುವರ್ಷ ಅದೇ ದೊಡ್ಡ ಮನುಷ್ಯರಲ್ಲೊಬ್ಬರು, ಶಾರ್ಲ್ ದ ನೋಆಯ್ ಅನ್ನುವ ಶ್ರೀಮಂತ ಕುಲೀನರು, ಮುಂದಿನ ಸಿನಿಮಾಕ್ಕೆ ದುಡ್ಡು ಹಾಕಿದರು. ಅದೇ 'ಲಾಜ್ ದೋರ್'. ಅದರಲ್ಲೂ ಒಂದು ಪಾರ್ಟಿ ಇದೆ. ಅಡುಗೆಮನೆಗೆ ಬೆಂಕಿ ಬಿದ್ದು ಕೆಲಸದವಳು ಬಾಗಿಲಲ್ಲಿ ಕುಸಿದು ಬೀಳುತ್ತಾಳೆ. ಹಾಲಿನಲ್ಲಿದ್ದವರು ತಿರುಗಿಯೂ ನೋಡುವುದಿಲ್ಲ. 1930ರ ಡಿಸೆಂಬರಿನಲ್ಲಿ ಬಲಪಂಥೀಯ ಗುಂಪುಗಳು ಥಿಯೇಟರಿಗೆ ನುಗ್ಗಿ ಪರದೆಗೆ ಶಾಯಿ ಎರಚಿದವು, ಕೆಲವೇ ದಿನಗಳಲ್ಲಿ ಸಿನಿಮಾ ನಿಷೇಧವಾಯಿತು. ದುಡ್ಡು ಕೊಟ್ಟವರನ್ನು ಅವರ ಕ್ಲಬ್ಬು ಹೊರಗೆ ಹಾಕಿತು. ಆದರೂ ಕೊನೆಗೆ ಗೆದ್ದದ್ದು ಚಪ್ಪಾಳೆಯೇ ಅನ್ನಿಸುತ್ತೆ ನನಗೆ. 1972ರಲ್ಲಿ ಬಂದ 'ದಿ ಡಿಸ್ಕ್ರೀಟ್ ಚಾರ್ಮ್ ಆಫ್ ದಿ ಬೂರ್ಜ್ವಾಸಿ'ಗೆ ಆಸ್ಕರ್ ಬಂತು. ಆರು ಜನ ಸಿರಿವಂತ ಗೆಳೆಯರು ಕೂತು ಒಂದು ಊಟ ಮಾಡಬೇಕು ಅಂತಾರೆ, ಇಡೀ ಸಿನಿಮಾದಲ್ಲಿ ಅದು ಆಗುವುದೇ ಇಲ್ಲ. ಒಂದು ಸಲ ತಾರೀಖು ತಪ್ಪು. ಒಂದು ಸಲ ಹೋಟೆಲಿನ ಪಕ್ಕದ ಕೋಣೆಯಲ್ಲಿ ಮಾಲೀಕನ ಹೆಣ. ಟೀ ಅಂಗಡಿಗೆ ಹೋದರೆ ಟೀ ಇಲ್ಲ, ಕಾಫಿ ಇಲ್ಲ, ಹಾಲೂ ಇಲ್ಲ. ನಿರ್ಮಾಪಕ ಸೆರ್ಜ್ ಸಿಲ್ಬರ್‌ಮನ್ ಒಮ್ಮೆ ಜನರನ್ನು ಊಟಕ್ಕೆ ಕರೆದು ಹೆಂಡತಿಗೆ ಹೇಳುವುದನ್ನೇ ಮರೆತರಂತೆ. ಅಲ್ಲಿಂದ ಹುಟ್ಟಿದ ಕಥೆ ಅದು.

ಆ ಸಿನಿಮಾದ ಒಂದು ದೃಶ್ಯ ನನ್ನನ್ನು ಈಗೀಗ ಕಾಡುತ್ತೆ. ಗೆಳೆಯರ ಗುಂಪು ಡ್ರೈ ಮಾರ್ಟಿನಿ ಕುಡಿಯುವ ಶಾಸ್ತ್ರ ಚರ್ಚಿಸುತ್ತಿದೆ. ಹೇಗೆ ಕುಡಿಯಬಾರದು ಅಂತ ತೋರಿಸಲು ಕಾರಿನ ಡ್ರೈವರನ್ನು ಒಳಗೆ ಕರೆಯುತ್ತಾರೆ. ಒಂದು ಗ್ಲಾಸು ಕೊಡುತ್ತಾರೆ. ಅವನು ಒಂದೇ ಗುಟುಕಿಗೆ ಮುಗಿಸಿ, ಥ್ಯಾಂಕ್ಸ್ ಹೇಳಿ ಹೋಗುತ್ತಾನೆ. ನೋಡಿದ್ರಾ, ಅಂತಾರೆ ಇವರು. ಬೈಗುಳ ಇಲ್ಲ, ಹೊಡೆತ ಇಲ್ಲ. ನಿಜವಾಗಿ ಒಳ್ಳೇ ಮಾರ್ಟಿನಿಯನ್ನೇ ಕೊಟ್ಟರು. ಇಪ್ಪತ್ತರ ವಯಸ್ಸಿನಲ್ಲಿ ಅದನ್ನು ನೋಡಿದಾಗ ನಾನು ಡ್ರೈವರನ ಪರ ಅಂತ ನನಗೆ ಅನುಮಾನವೇ ಇರಲಿಲ್ಲ. ಈಗ ಕಾಫಿ ಬಗ್ಗೆ ನನಗೆ ಅಭಿಪ್ರಾಯಗಳಿವೆ. ಯಾವ ಎಸ್ಟೇಟು, ಎಷ್ಟು ಹುರಿದದ್ದು ಅಂತ. ಮಾವ ಬಂದ ಮೊದಲ ದಿನ ನಾನು ಮಾಡಿಕೊಟ್ಟ ಆ ದುಬಾರಿ ಕಾಫಿಗೆ ಅವರು ಮೂರು ಚಮಚ ಸಕ್ಕರೆ ಹಾಕಿ, ಬಿಸಿ ಬಿಸಿಯಾಗಿ ಒಂದೇ ಏಟಿಗೆ ಕುಡಿದರು. ನಾನು ಮತ್ತು ಇವನು ಒಬ್ಬರ ಮುಖ ಒಬ್ಬರು ನೋಡಿದ್ದೆವು. ಸುಮ್ನೆ, ಅರೆಕ್ಷಣ. ಮಾವ ನೋಡಲಿಲ್ಲ ಅಂದುಕೊಂಡಿದ್ದೇನೆ.

ಅವತ್ತು ಸಿನಿಮಾ ಮುಗಿಯುವ ಹೊತ್ತಿಗೆ ಮಾವ ಕೇಳಿದ ಕೊನೆಯ ಪ್ರಶ್ನೆ ಹೂಲಿಯೋ ಬಗ್ಗೆ. ಎಲ್ಲ ಆಳುಗಳೂ ಹೋದ ಮೇಲೆ ಉಳಿದವನು. ಮೊದಲ ದಿನ ಬೆಳಗ್ಗೆ ಉಳಿದ ತಿಂಡಿ ತೆಗೆದುಕೊಂಡು ಆ ಕೋಣೆಗೆ ಬಂದವನು. ಬಂದ ಮೇಲೆ ಅವನಿಗೂ ಹೊರಗೆ ಹೋಗಲು ಆಗುವುದಿಲ್ಲ.

"ಇವನು ಅಡುಗೆಯವರ ಕಡೆಯವನೋ, ಅವರ ಕಡೆಯವನೋ?"

"ಕೆಲಸದವನೇ ಮಾವ. ಆದ್ರೆ ಮೇಲಿನ ಕೆಲಸ."

"ಹಾಂ. ನಮ್ಮವನೇ. ಒಳಗೆ ಬರೋಕೆ ಬಿಟ್ಟರು ಅಂತ ಬಂದ."

ನಾನು ಏನೂ ಹೇಳಲಿಲ್ಲ. ಸಿನಿಮಾದ ಕೊನೆಗೆ ಬಂಗಲೆಯ ಆಳುಗಳೆಲ್ಲ, ಯಾರೂ ಕರೆಯದೆ, ಒಬ್ಬೊಬ್ಬರಾಗಿ ಗೇಟಿನ ಹತ್ತಿರ ವಾಪಸ್ ಬಂದು ಸೇರುತ್ತಾರೆ. ಹೊರಗೆ ಬಂದ ಅತಿಥಿಗಳು ಚರ್ಚಿಗೆ ಹೋಗಿ ದೇವರಿಗೆ ಕೃತಜ್ಞತೆ ಸಲ್ಲಿಸುತ್ತಾರೆ. ಪೂಜೆ ಮುಗಿದ ಮೇಲೆ ಆ ಚರ್ಚಿನ ಬಾಗಿಲೂ ದಾಟಲು ಆಗುವುದಿಲ್ಲ, ಈ ಸಲ ಪಾದ್ರಿಗಳಿಗೂ. ಹೊರಗೆ ಗುಂಡಿನ ಸದ್ದು. ಒಂದು ಮಂದೆ ಕುರಿ ಚರ್ಚಿನೊಳಗೆ ಹೋಗುತ್ತೆ. ಅಷ್ಟರಲ್ಲಿ ಮಾವ ಹಾಲು ಉಕ್ಕುತ್ತಿದೆ ಅಂತ ಎದ್ದು ಹೋಗಿದ್ದರು. ನನಗೆ ಸದ್ದೇ ಕೇಳಿಸಿರಲಿಲ್ಲ.

ಫೆಬ್ರವರಿಯಲ್ಲಿ ಆ ಹದಿನೇಳನೇ ಮಹಡಿಯಿಂದ ಮತ್ತೆ ಕರೆ ಬಂತು. ವಾಟ್ಸ್ಯಾಪ್ ಮೆಸೇಜು. ಶನಿವಾರ ಊಟಕ್ಕೆ ಬನ್ನಿ, ಈ ಸಲ ಹೊರಗಡೆ ಕ್ಯಾಟರಿಂಗ್‌ಗೆ ಹೇಳಿದ್ದೀವಿ, ಹಳೆಯವಳನ್ನ ಬಿಡಿಸಿಬಿಟ್ವಿ, ಹೋದ ಸಲದ ಹಾಗೆ ಫಜೀತಿ ಆಗಲ್ಲ. ಕೊನೆಗೆ ನಗುವ ಮುಖದ ಚಿತ್ರ. ನಾನು "ಖಂಡಿತ ಬರ್ತೀವಿ" ಅಂತ ಬರೆದು, ಅಂಥದೇ ಒಂದು ಮುಖ ಹಾಕಿದೆ.

ರಾತ್ರಿ ಮಾವನಿಗೆ ಫೋನ್ ಮಾಡಿದಾಗ ಮಾತಿನ ನಡುವೆ ಇದನ್ನೂ ಹೇಳಿದೆ. ಕಣ್ಣು ಹೇಗಿದೆ, ಡ್ರಾಪ್ಸ್ ಹಾಕ್ಕೋತಿದೀರಾ ಅಂತೆಲ್ಲ ಆದ ಮೇಲೆ.

"ಲೆಕ್ಕ ಚುಕ್ತಾ ಮಾಡಿ ಕಳಿಸಿದ್ರಂತಾ ಆಕೇನ?" ಅಂದರು.

ನಾನು ಕೇಳಿರಲಿಲ್ಲ.